ಸ್ಟಿಲ್ ಫೋಟೋಗ್ರಫಿಯಿಂದ ಡಾಕ್ಯುಮೆಂಟರಿಗೆ: ಕ್ಯಾಮೆರಾ ಗೊತ್ತಿದ್ದವರು ಏನು ಕಲಿಯಬೇಕು?

ನೆರಳುಬೆಳಕು:

ಸುದ್ದಿ ಫೋಟೋ, ಫೋಟೋ ಪ್ರಬಂಧಗಳಲ್ಲಿ ಕೈ ಪಳಗಿದವರು ಡಾಕ್ಯುಮೆಂಟರಿಗೆ ಹೊರಳುವಾಗ ಎಲ್ಲಿ ಎಡವುತ್ತಾರೆ? ಎಕ್ಸ್‌ಪೋಷರ್, ಲೆನ್ಸ್, ಫ್ರೇಮಿಂಗ್ ಬಗ್ಗೆ ಮೊದಲಿನಿಂದ ಹೇಳಿಕೊಡುವುದು ಬೇಡ. ಇರುವ ಸಾಮಾನು: 4ಕೆ ವಿಡಿಯೋ ಬರುವ ಫುಲ್ ಫ್ರೇಮ್ ಮಿರರ್‌ಲೆಸ್, 35 ಮತ್ತು 85 ಎಂಎಂ ಪ್ರೈಮ್, ಒಂದು 24-70 ಜೂಮ್. ವಿಷಯ: ಮರದ ದೋಣಿಯನ್ನು ಕೈಯಲ್ಲೇ ಕಟ್ಟುವ ಒಬ್ಬ ಕುಶಲಕರ್ಮಿ. ಗುರಿ 20 ನಿಮಿಷದ ಚಿತ್ರ. ಮುಂದೆ ಏನು ಕೊಳ್ಳಬೇಕು, ಶೂಟಿಂಗ್‌ನಲ್ಲಿ ಏನು ಬದಲಾಗಬೇಕು, ಇದನ್ನೇ ವೃತ್ತಿ ಮಾಡಿಕೊಳ್ಳುವ ದಾರಿ ಯಾವುದು?

ಬೂಮ್‌ಕಂಬ:

ಲೆನ್ಸ್ ಕೊಳ್ಳುವ ಯೋಚನೆ ಇದ್ದರೆ ಇವತ್ತೇ ಬಿಟ್ಟುಬಿಡಿ, ದುಡ್ಡು ಧ್ವನಿಗೆ ಹೋಗಲಿ. ಫೋಟೋಗ್ರಾಫರ್‌ಗಳ ಮೊದಲ ಚಿತ್ರ ನೋಡಲು ಚೆನ್ನಾಗಿಯೇ ಇರುತ್ತದೆ, ಕೇಳಲು ಆಗುವುದಿಲ್ಲ. ಚಿತ್ರ ಸ್ವಲ್ಪ ಮಂಕಾಗಿದ್ದರೂ ಜನ ನೋಡುತ್ತಾರೆ. ಮಾತು ತಿಳಿಯದಿದ್ದರೆ ಎದ್ದು ಹೋಗುತ್ತಾರೆ.

ಬೇಕಾದ್ದು ಇಷ್ಟು: ಒಂದು ವೈರ್‌ಲೆಸ್ ಕಾಲರ್ ಮೈಕ್, ಎದುರಿನ ಸದ್ದನ್ನೇ ಹೆಚ್ಚಾಗಿ ಹಿಡಿಯುವ ಒಂದು ಶಾಟ್‌ಗನ್ ಮೈಕ್, ಅದನ್ನು ಸಿಕ್ಕಿಸುವ ಉದ್ದನೆ ಬೂಮ್ ಕೋಲು, ಗಾಳಿ ತಡೆಯುವ ತುಪ್ಪಳದ ಕವಚ, ಕಿವಿ ಪೂರ್ತಿ ಮುಚ್ಚುವ ಹೆಡ್‌ಫೋನ್, ಒಂದು ರೆಕಾರ್ಡರ್. ಶಾಟ್‌ಗನ್ ಅನ್ನು ಕ್ಯಾಮೆರಾ ಮೇಲೆ ಸಿಕ್ಕಿಸಿ ‘ಆಯ್ತು’ ಅಂದುಕೊಳ್ಳಬೇಡಿ. ಬಯಲಿನಲ್ಲಿ ಮೈಕ್‌ನ ದೂರ ಎರಡರಷ್ಟಾದ ಪ್ರತಿ ಸಲ ಮಾತಿನ ಮಟ್ಟ 6 ಡೆಸಿಬೆಲ್ ಇಳಿಯುತ್ತದೆ. ಬಾಯಿಂದ 50 ಸೆಂ.ಮೀ. ದೂರದಲ್ಲಿರಬೇಕಾದ ಮೈಕ್ 2 ಮೀಟರ್ ದೂರದ ಕ್ಯಾಮೆರಾ ಮೇಲೆ ಕೂತರೆ 12 ಡೆಸಿಬೆಲ್ ಹೋಯಿತು. ಸುತ್ತಲ ಗದ್ದಲ ಮಾತ್ರ ಇದ್ದಷ್ಟೇ ಇರುತ್ತದೆ. ಗೇನ್ ಏರಿಸಿದರೆ ಮಾತಿನ ಜೊತೆ ಗದ್ದಲವೂ ಏರುತ್ತದೆ, ಅಷ್ಟೇ.

ಕಾಲರ್ ಮೈಕ್ ಎದೆಮೂಳೆಯ ಮೇಲೆ, ಗಲ್ಲದಿಂದ ಒಂದು ಗೇಣು ಕೆಳಗೆ. ತೀರಾ ಗಲ್ಲದ ಬುಡಕ್ಕೆ ಒತ್ತಿದರೆ ದನಿ ಮಬ್ಬಾಗುತ್ತದೆ. ತಂತಿಯನ್ನು ಒಂದು ಸಣ್ಣ ಸುತ್ತು ಸುತ್ತಿ ಟೇಪ್ ಹಾಕಿ, ಎಳೆತ ಮೈಕ್‌ಗೆ ತಾಗುವುದಿಲ್ಲ. ಹತ್ತಿ ಬಟ್ಟೆ ಪರವಾಗಿಲ್ಲ, ಪಾಲಿಯೆಸ್ಟರ್ ಸರಬರ ಅನ್ನುತ್ತದೆ. ನಿಮ್ಮ ವಿಷಯದಲ್ಲಿ ಇನ್ನೊಂದು ತೊಡಕಿದೆ: ಸುತ್ತಿಗೆ ಬೀಸುವವರ ಎದೆಯ ಮೈಕ್‌ಗೆ ಪ್ರತಿ ಏಟಿಗೂ ಮೈಯಿಂದಲೇ ‘ಧಬ್’ ಬರುತ್ತದೆ. ಕೆಲಸ ನಡೆಯುವಾಗ ಬೂಮ್, ಕೂತು ಮಾತಾಡುವಾಗ ಕಾಲರ್.

ರೆಕಾರ್ಡಿಂಗ್ 48 ಕಿಲೋಹರ್ಟ್ಸ್, 24 ಬಿಟ್‌ನಲ್ಲಿ. ಮಾತಿನ ಏರುಗಳು ಮೈನಸ್ 12 ಡೆಸಿಬೆಲ್ ಆಸುಪಾಸಿನಲ್ಲಿರಲಿ. 32 ಬಿಟ್ ಫ್ಲೋಟ್ ರೆಕಾರ್ಡರ್ ಇದ್ದರೆ ಮಟ್ಟ ತಪ್ಪಿದ್ದನ್ನು ಆಮೇಲೆ ಸರಿಪಡಿಸಬಹುದು. ಆದರೆ ಮೈಕ್ ಅಥವಾ ವೈರ್‌ಲೆಸ್ ಟ್ರಾನ್ಸ್‌ಮಿಟರ್‌ನಲ್ಲೇ ದನಿ ಒಡೆದಿದ್ದರೆ ಯಾವ ಫ್ಲೋಟೂ ಉಳಿಸುವುದಿಲ್ಲ.

ಪ್ರತಿ ಜಾಗದಲ್ಲೂ ಯಾರೂ ಮಾತಾಡದೆ ಒಂದು ನಿಮಿಷ ಖಾಲಿ ಸದ್ದು ಹಿಡಿಯಿರಿ, ಎಡಿಟ್‌ನಲ್ಲಿ ಕತ್ತರಿಸಿದ ಸಂದುಗಳನ್ನು ಮುಚ್ಚಲು ಬೇಕೇ ಬೇಕು. ಉಳಿ, ಉಜ್ಜುಗೊರಡು, ಸುತ್ತಿಗೆ, ಹಲಗೆ ಬೀಳುವುದು, ಇವನ್ನೆಲ್ಲ ಹತ್ತಿರದಿಂದ ಬೇರೆಯಾಗಿ ರೆಕಾರ್ಡ್ ಮಾಡಿ. ಮನೆಯೊಳಗೆ ಸಂದರ್ಶನವಿದ್ದರೆ ಫ್ರಿಜ್ ಆರಿಸಿ, ನಿಮ್ಮ ಗಾಡಿ ಕೀ ಅದರೊಳಗಿಡಿ. ಮತ್ತೆ ಹಾಕದೆ ಹೊರಡುವ ಹಾಗೇ ಇಲ್ಲ!

ಹದಿನಾರನೇಸ್ಟಾಪ್:

ಧ್ವನಿ ಬಗ್ಗೆ ಮೇಲಿನವರು ಹೇಳಿದ್ದಕ್ಕೆ ಸೇರಿಸುವುದೇನಿಲ್ಲ. ಕ್ಯಾಮೆರಾ ಗೊತ್ತು ಅನ್ನುವವರಿಗೆ ಕೈಕೊಡುವುದು ಶಟರ್. ಸೆಕೆಂಡಿಗೆ 25 ಫ್ರೇಮ್ ಅಂದರೆ ಶಟರ್ 1/50, ಅಲ್ಲಿಗೇ ಮುಗಿಯಿತು. 1/1000ಕ್ಕೆ ಏರಿಸಿ ಬೆಳಕು ತಗ್ಗಿಸುವ ಹಳೇ ರೂಢಿ ಇಲ್ಲಿ ನಡೆಯುವುದಿಲ್ಲ, ಚಲನೆ ತುಂಡುತುಂಡಾಗಿ ಕಾಣುತ್ತದೆ. ಲೆಕ್ಕ ಹೀಗೆ: ಸುಡುಬಿಸಿಲಿನಲ್ಲಿ ಐಎಸ್‌ಒ 100, ಎಫ್ 16, 1/100. ನಿಮಗೆ ಎಫ್ 2.8 ಬೇಕಾದರೆ 5 ಸ್ಟಾಪ್ (ಒಂದು ಸ್ಟಾಪ್ ಅಂದರೆ ಬೆಳಕು ಎರಡರಷ್ಟು), ಶಟರ್ 1/50 ಆಗಿದ್ದಕ್ಕೆ ಇನ್ನೊಂದು, ಒಟ್ಟು 6 ಸ್ಟಾಪ್ ಹೆಚ್ಚು ಬೆಳಕು. ಅದಕ್ಕೆ ಎನ್‌ಡಿ 64, ಅಂದರೆ ಬೆಳಕನ್ನು 64ರಲ್ಲಿ ಒಂದು ಪಾಲಿಗೆ ಇಳಿಸುವ ಕಪ್ಪು ಫಿಲ್ಟರ್. ಲಾಗ್‌ನಲ್ಲಿ (ಬಣ್ಣ ಆಮೇಲೆ ತಿದ್ದಲೆಂದು ಮಂಕಾಗಿ ಹಿಡಿಯುವ ಮೋಡ್) ಶೂಟ್ ಮಾಡಿ ಬೇಸ್ ಐಎಸ್‌ಒ 800 ಆಗಿದ್ದರೆ ಮತ್ತೆ 3 ಸ್ಟಾಪ್, ಅಂದರೆ ಎನ್‌ಡಿ 64 ಮತ್ತು ಎನ್‌ಡಿ 8 ಎರಡೂ. ಫಿಲ್ಟರ್ ಇಲ್ಲದೆ ಹೊರಾಂಗಣಕ್ಕೆ ಹೋಗಲೇಬೇಡಿ.

ಟ್ಯೂಬ್‌ಲೈಟ್, ಎಲ್‌ಇಡಿ ಇರುವ ಕಡೆ ಕರೆಂಟ್ 50 ಹರ್ಟ್ಸ್ ಆದರೆ 1/50 ಅಥವಾ 1/100, 60 ಹರ್ಟ್ಸ್ ಆದರೆ 1/60. ತಪ್ಪಿದರೆ ಪರದೆ ಮೇಲೆ ಪಟ್ಟೆಗಳು ಓಡುತ್ತವೆ. ಅಗ್ಗದ ಎಲ್‌ಇಡಿ ಕೆಲವು ಇದಕ್ಕೂ ಬಗ್ಗುವುದಿಲ್ಲ, ಮೊದಲೇ ಪರೀಕ್ಷಿಸಿ.

ಆಮೇಲೆ ತಿದ್ದಿಕೊಳ್ಳಬಹುದು ಅನ್ನುವ ರಾ ಫೈಲ್‌ನ ಧೈರ್ಯವನ್ನೂ ಬಿಡಬೇಕು. 8 ಬಿಟ್ ವಿಡಿಯೋದಲ್ಲಿ ವೈಟ್ ಬ್ಯಾಲೆನ್ಸ್ ತಪ್ಪಿದರೆ ಪೂರ್ತಿ ವಾಪಸ್ ಬರುವುದಿಲ್ಲ. ಆಟೋ ವೈಟ್ ಬ್ಯಾಲೆನ್ಸ್, ಆಟೋ ಐಎಸ್‌ಒ ಎರಡೂ ಬಂದ್. ಶಾಟ್ ನಡುವೆ ಮೈಬಣ್ಣ ಬದಲಾದರೆ ಬಣ್ಣ ತಿದ್ದುವ ಕಲರಿಸ್ಟ್ ನಿಮಗೆ ಶಾಪ ಹಾಕುತ್ತಾರೆ. ಕ್ಯಾಮೆರಾದಲ್ಲಿ 10 ಬಿಟ್ ಇದ್ದರೆ ಅದನ್ನೇ ಬಳಸಿ.

ಇನ್ನು ಕೈಯ ಅಭ್ಯಾಸ. ಸ್ಟಿಲ್‌ನಲ್ಲಿ ಕ್ಷಣ ಸಿಕ್ಕ ಕೂಡಲೇ ಬೆರಳು ಸಡಿಲಾಗುತ್ತದೆ, ಕಣ್ಣು ಮುಂದಿನದಕ್ಕೆ ಹೋಗುತ್ತದೆ. ಇಲ್ಲಿ ಆ ಕ್ಷಣದ ಹಿಂದೆ ಐದು ಸೆಕೆಂಡ್, ಮುಂದೆ ಐದು ಸೆಕೆಂಡ್ ಇರದಿದ್ದರೆ ಎಡಿಟರ್‌ಗೆ ಕತ್ತರಿಸಲು ಜಾಗವಿಲ್ಲ. ಪ್ರತಿ ಶಾಟ್ ಕನಿಷ್ಠ ಹತ್ತು ಸೆಕೆಂಡ್ ಅಲುಗಾಡದೆ ಹಿಡಿಯಿರಿ. ಕ್ಯಾಮೆರಾ ಹೊರಳಿಸುವುದಾದರೆ ಶುರುವಿನಲ್ಲೂ ಕೊನೆಯಲ್ಲೂ ನಿಲ್ಲಿಸಿ. ಒಂದು ಫ್ರೇಮ್‌ನಲ್ಲೇ ಎಲ್ಲವನ್ನೂ ಹೇಳಿಬಿಡುವ ಚಪಲ ಬೇಡ. ಮೊಳೆ ಹೊಡೆಯುವುದನ್ನೇ ತೆಗೆದುಕೊಳ್ಳಿ: ಮೊಳೆ ಹಿಡಿದ ಬೆರಳು, ಕಿರಿದಾದ ಕಣ್ಣು, ಹೆಗಲ ಹಿಂದಿನಿಂದ ಹಲಗೆ, ದೂರದಿಂದ ಇಡೀ ದೋಣಿ, ಏಟು ಬಿದ್ದ ಮೇಲೆ ಆ ಜಾಗವನ್ನು ಸವರುವ ಕೈ. ಒಂದೊಂದೂ ಸಾಧಾರಣ, ಜೋಡಿಸಿದರೆ ದೃಶ್ಯ. ಲಂಬ ಫ್ರೇಮ್ ಮರೆತುಬಿಡಿ.

ಸೆಲ್ಯುಲಾಯ್ಡ್‌ಭೂತ:

ಮೇಲಿನದಕ್ಕೆ ಸಣ್ಣ ಸೇರ್ಪಡೆ. ವೇರಿಯಬಲ್ ಎನ್‌ಡಿ (ತಿರುಗಿಸಿ ಕಪ್ಪು ಹೆಚ್ಚುಕಡಿಮೆ ಮಾಡುವ ಫಿಲ್ಟರ್) ಅನುಕೂಲ ನಿಜ, ಆದರೆ 24 ಎಂಎಂನಲ್ಲಿ ಪೂರ್ತಿ ತಿರುಗಿಸಿದರೆ ಆಕಾಶದಲ್ಲಿ ಕಪ್ಪು ಕತ್ತರಿ ಗುರುತು ಮೂಡುತ್ತದೆ. ಅದು ಎರಡು ಪೋಲರೈಸರ್‌ಗಳ ಜೋಡಿ, ಹಾಗಾಗಿ ನೀರಿನ ಹೊಳಪೂ ಏರುಪೇರಾಗುತ್ತದೆ. ದೋಣಿಯ ಚಿತ್ರಕ್ಕೆ ಸ್ಥಿರ ಎನ್‌ಡಿಯೇ ಸರಿ. ಇನ್ನೊಂದು: ನಡೆಯುತ್ತಾ ವೈಡ್‌ನಲ್ಲಿ ತೆಗೆಯುವಾಗ ಕ್ಯಾಮೆರಾದೊಳಗಿನ ಸ್ಟೆಬಿಲೈಸರ್ ಫ್ರೇಮಿನ ಮೂಲೆಗಳನ್ನು ತೊನೆದಾಡಿಸುತ್ತದೆ. ಟ್ರೈಪಾಡ್ ಹೊರಲು ಬೇಜಾರಾದರೆ ಮೊನೊಪಾಡ್ ಆದರೂ ಇರಲಿ.

ನೆರಳುಬೆಳಕು:

ಬಹಳ ಉಪಕಾರ. 20 ನಿಮಿಷಕ್ಕೆ ಎಷ್ಟು ಗಂಟೆ ಫುಟೇಜ್ ಇಟ್ಟುಕೊಳ್ಳಬೇಕು? ಹಳೆಯ ಸ್ಟಿಲ್‌ಗಳನ್ನೂ ಚಿತ್ರದೊಳಗೆ ಬಳಸಬಹುದೇ?

ಕತ್ತರಿಮೇಜು:

ವೀಕ್ಷಣಾತ್ಮಕ ಶೈಲಿಯಾದರೆ, ಅಂದರೆ ನಡೆಯುವುದನ್ನು ನಡುವೆ ಬಾಯಿ ಹಾಕದೆ ಹಿಡಿಯುವುದಾದರೆ, 20 ಗಂಟೆಗೆ ತಯಾರಿರಿ. 100 ಎಂಬಿಪಿಎಸ್‌ನಲ್ಲಿ (ಸೆಕೆಂಡಿಗೆ 100 ಮೆಗಾಬಿಟ್) ಗಂಟೆಗೆ 45 ಜಿಬಿ, ಅಂದರೆ 900 ಜಿಬಿ. ಮೂರು ಪ್ರತಿ, ಎರಡು ಬೇರೆ ಬಗೆಯ ಮಾಧ್ಯಮ, ಒಂದು ಬೇರೆ ಜಾಗದಲ್ಲಿ. ಒಟ್ಟು 2.7 ಟಿಬಿ. ಪ್ರತಿ ತೆಗೆದು ಪರಿಶೀಲಿಸುವ ತನಕ ಕಾರ್ಡ್ ಅಳಿಸಬಾರದು.

ಆಮೇಲೆ ಎಲ್ಲವನ್ನೂ ಕೂತು ನೋಡಿ ಪಟ್ಟಿ ಮಾಡಿ. ಸಂದರ್ಶನಗಳನ್ನು ಅಕ್ಷರಕ್ಕಿಳಿಸಿ ಟೈಮ್‌ಕೋಡ್ ಹಾಕಿ, ಕಾಗದದ ಮೇಲೆ ಮೊದಲು ಎಡಿಟ್ ಮಾಡಿ. ಫೋಟೋಗ್ರಾಫರ್‌ಗಳ ಚಿತ್ರ ಸಾಮಾನ್ಯವಾಗಿ ಸೋಲುವುದು ಇಲ್ಲೇ. ಚೆಂದದ ಶಾಟ್ ಅಂತ ಒಂದನ್ನೂ ಬಿಡುವುದಿಲ್ಲ, ಎಂಟನೇ ನಿಮಿಷಕ್ಕೆ ಅದು ಸಂಗೀತ ಹಾಕಿದ ಆಲ್ಬಮ್ ಆಗಿರುತ್ತದೆ. ದೋಣಿ ಕಟ್ಟುವವರು ಅನ್ನುವುದು ವಿಷಯ ಮಾತ್ರ. ಈ ದೋಣಿ ಗಡುವಿಗೆ ಮುಗಿಯುತ್ತದೋ, ಕೆಲಸ ಕಲಿಯಲು ಬಂದವನು ಉಳಿಯುತ್ತಾನೋ, ನೀರಿಗಿಳಿಸಿದಾಗ ಸೋರುತ್ತದೋ, ಇಂಥ ಒಂದು ಪ್ರಶ್ನೆ ಶೂಟಿಂಗ್‌ಗೆ ಮೊದಲೇ ಕೈಯಲ್ಲಿರಲಿ. ಆಗ ಯಾವ ದಿನ ಅಲ್ಲಿರಲೇಬೇಕು ಅನ್ನುವುದೂ ಗೊತ್ತಾಗುತ್ತದೆ.

ಸ್ಟಿಲ್ ಧಾರಾಳ ಬಳಸಿ. 24 ಮೆಗಾಪಿಕ್ಸೆಲ್ ಫೋಟೋ 6000 ಪಿಕ್ಸೆಲ್ ಅಗಲ, 4ಕೆ 3840. ಗುಣಮಟ್ಟ ಕೆಡದೆ ಒಂದೂವರೆ ಪಟ್ಟು ಒಳಗೆ ಹೋಗಬಹುದು, ಅದಕ್ಕಿಂತ ಮುಂದೆ ಹೋದರೆ ಮೆತ್ತಗಾಗುತ್ತದೆ.

ಹದಿನಾರನೇಸ್ಟಾಪ್:

ವೃತ್ತಿಯ ಪ್ರಶ್ನೆಗೆ ಇನ್ನೂ ಯಾರೂ ಕೈ ಹಾಕಿಲ್ಲ. ಈ ದಾರಿ ಹಳೆಯದೇ. ಫ್ರೆಂಚ್ ನಿರ್ದೇಶಕಿ ಆನ್ಯೆಸ್ ವಾರ್ದಾ ನಾಟಕ ಕಂಪನಿಯ ಫೋಟೋಗ್ರಾಫರ್ ಆಗಿದ್ದವರು. ಫ್ರಾನ್ಸಿನವರೇ ಆದ ರೇಮೊಂ ದೆಪಾರ್ದೋಂ 1966ರಲ್ಲಿ ಗಾಮಾ ಫೋಟೋ ಏಜೆನ್ಸಿ ಕಟ್ಟಿದವರಲ್ಲಿ ಒಬ್ಬರು, 1978ರಲ್ಲಿ ಮ್ಯಾಗ್ನಂ ಅನ್ನುವ ಇನ್ನೊಂದು ಫೋಟೋ ಸಂಸ್ಥೆ ಸೇರಿದರು, ಸಿನಿಮಾ ಮಾಡುತ್ತಲೇ ಸ್ಟಿಲ್ ಬಿಡಲಿಲ್ಲ. ಅದನ್ನೇ ನೀವೂ ಮಾಡಿ. ಸ್ಟಿಲ್‌ನಿಂದ ಹೊಟ್ಟೆಪಾಡು ನಡೆಯುತ್ತಿರಲಿ. ಜೊತೆಗೆ ಬೇರೆ ನಿರ್ದೇಶಕರಿಗೆ ಛಾಯಾಗ್ರಹಣ ಮಾಡಿಕೊಡಿ, ಕೆಲಸ ಸಿಗುವುದೂ ಸುಲಭ, ಎಡಿಟರ್ ಏನನ್ನು ಎಸೆಯುತ್ತಾರೆ ಅನ್ನುವುದೂ ಕಾಣುತ್ತದೆ.

ಹಣ ಕೇಳಲು ಒಂದು ಸಾಲಿನ ಸಾರ, ಒಂದು ಪುಟದ ಸಾರಾಂಶ, ಚಿತ್ರ ಪರದೆ ಮೇಲೆ ಹೇಗೆ ನಡೆಯುತ್ತದೆ ಅನ್ನುವ ವಿವರ, ಬಜೆಟ್, ಎರಡು ಮೂರು ನಿಮಿಷದ ಟೀಸರ್ ಬೇಕು. ಟೀಸರ್‌ನಲ್ಲಿ ಸೂರ್ಯಾಸ್ತ ಬೇಡ, ವ್ಯಕ್ತಿ ಮಾತಾಡಲಿ. ಆಮ್ಸ್ಟರ್‌ಡ್ಯಾಮ್‌ನ ಇಡ್ಫಾ, ಟೊರಾಂಟೊದ ಹಾಟ್ ಡಾಕ್ಸ್‌ನಂಥ ಉತ್ಸವಗಳು ಯೋಜನೆ ಮಂಡಿಸುವ ವೇದಿಕೆಗೆ ಹೆಸರಾಗಿವೆ. ಚಿತ್ರ ಮುಗಿದ ಖುಷಿಗೆ ಆನ್‌ಲೈನ್‌ಗೆ ಹಾಕಿಬಿಡಬೇಡಿ, ಮೊದಲ ಪ್ರದರ್ಶನ ತಮ್ಮಲ್ಲೇ ಆಗಬೇಕು ಅನ್ನುವ ಉತ್ಸವಗಳ ಬಾಗಿಲು ಮುಚ್ಚುತ್ತದೆ.

ಕಾಗದಪತ್ರ: ಫೋಟೋಗೆ ಕೊಟ್ಟ ಒಪ್ಪಿಗೆ ಚಿತ್ರಕ್ಕೆ ಸಾಲದು. ಧ್ವನಿ, ಎಡಿಟಿಂಗ್, ಎಲ್ಲ ಮಾಧ್ಯಮಗಳಲ್ಲಿ ಪ್ರಸಾರ, ಇಷ್ಟನ್ನೂ ಹೇಳುವ ಸಹಿ ಬೇಕು. ಹಾಡು ಬಳಸಿದರೆ ರಚನೆಗೆ ಒಂದು ಅನುಮತಿ, ಆ ರೆಕಾರ್ಡಿಂಗ್‌ಗೆ ಇನ್ನೊಂದು. ಕೆಲಸದ ಜಾಗದಲ್ಲಿ ರೇಡಿಯೋ ಹಾಡುತ್ತಿದ್ದರೆ ವಿನಂತಿಸಿ ಆರಿಸಿ.

ಕತ್ತರಿಮೇಜು:

ಕೊನೆಗೆ ಒಂದು: ಫ್ರೇಮ್ ದರವನ್ನು ಮೊದಲ ದಿನವೇ ತೀರ್ಮಾನಿಸಿ. ಥಿಯೇಟರ್‌ಗೆ ಕೊಡುವ ಡಿಜಿಟಲ್ ಪ್ರತಿಗೆ (ಡಿಸಿಪಿ) ಸೆಕೆಂಡಿಗೆ 24 ಫ್ರೇಮ್ ಎಲ್ಲ ಕಡೆ ಓಡುತ್ತದೆ. 25ರಲ್ಲಿ ತೆಗೆದು 24ಕ್ಕೆ ನಿಧಾನಿಸಿದರೆ 20 ನಿಮಿಷದ ಚಿತ್ರ 20 ನಿಮಿಷ 50 ಸೆಕೆಂಡ್ ಆಗುತ್ತದೆ, ಧ್ವನಿಯ ಶ್ರುತಿಯೂ ಇಳಿಯುತ್ತದೆ, ಅದನ್ನು ಬೇರೆಯಾಗಿ ಸರಿಪಡಿಸಬೇಕು. ಕರೆಂಟ್ 50 ಹರ್ಟ್ಸ್ ಇರುವಲ್ಲಿ 24ರಲ್ಲಿ ತೆಗೆದರೂ ಶಟರ್ 1/50 ಇಡಿ, ಪಟ್ಟೆ ಬರುವುದಿಲ್ಲ.