ಗೇಟಿನ ಮೇಲಿಂದ ಎರಡು ಅಂಕ

ಸಂಜೆಯ ಮಳೆ ನಮ್ಮ ವಾಯುವಿಹಾರವನ್ನು ನುಂಗಿ, ಮೂವರನ್ನೂ ಶೆಟ್ಟರ ಮನೆಯ ಜಗಲಿಗೆ ಅಟ್ಟಿತ್ತು. ಕರೆಂಟು ಹೋಗಿತ್ತು. ಒಳಗೆ ಬಜ್ಜಿಯ ಎಣ್ಣೆ ಕಾಯುತ್ತಿರುವ ವಾಸನೆ ಬರುತ್ತಿದ್ದುದರಿಂದ ಯಾರಿಗೂ ಮನೆಗೆ ಹೋಗುವ ಅವಸರವಿರಲಿಲ್ಲ. ಮೇಷ್ಟ್ರು ಮೊಬೈಲಿನಲ್ಲಿ ಹಳೆಯ ವಿಡಿಯೊ ಒಂದನ್ನು ಹಚ್ಚಿ ನಮ್ಮ ಮೂಗಿಗೆ ಹಿಡಿದರು. ನೀರು ನಿಂತ ಮೈದಾನದಲ್ಲಿ ದಪ್ಪ ದಪ್ಪ ಗಂಡಸರು ಜಾರುತ್ತಿದ್ದರು.

"ಕಂಬಳವೇ? ಕೋಣಗಳೆಲ್ಲಿ?" ಎಂದರು ಶೆಟ್ಟರು.

"ರಗ್ಬಿ ಲೀಗ್. 1968ರ ಮೇ 11, ಲಂಡನ್ನಿನ ವೆಂಬ್ಲಿ. ಲೀಡ್ಸ್‌ಗೂ ವೇಕ್‌ಫೀಲ್ಡ್ ಟ್ರಿನಿಟಿಗೂ ಚಾಲೆಂಜ್ ಕಪ್ ಫೈನಲ್. ಎರಡೂ ಯಾರ್ಕ್‌ಷೈರಿನ ಅಕ್ಕಪಕ್ಕದ ಊರುಗಳು."

"ಅಕ್ಕಪಕ್ಕದವರು ಜಗಳವಾಡಲು ಲಂಡನ್ನಿಗೆ ಹೋಗಬೇಕಿತ್ತೇ? ನಾವು ಬೇಲಿಯ ಹತ್ತಿರವೇ ಮುಗಿಸಿಕೊಳ್ಳುತ್ತೇವೆ."

ವಕೀಲರಿಗೆ ಲೀಗ್ ಎಂಬ ಮಾತೇ ಅನುಮಾನ ತರಿಸಿತು. ರಗ್ಬಿ ಗೊತ್ತು, ಈ ಲೀಗ್ ಯಾವುದು? ಮೇಷ್ಟ್ರು ಕನ್ನಡಕ ಸರಿಮಾಡಿಕೊಂಡರು. ಉತ್ತರ ಇಂಗ್ಲೆಂಡಿನ ಆಟಗಾರರು ಗಣಿಯಲ್ಲಿ, ಗಿರಣಿಯಲ್ಲಿ ದುಡಿಯುವವರು. ಶನಿವಾರ ಆಡಲು ಹೋದರೆ ಆ ದಿನದ ಕೂಲಿಗೆ ಕತ್ತರಿ. ಕಳೆದುಕೊಂಡ ಕೂಲಿಯನ್ನಾದರೂ ಕೊಡಿ ಎಂದರೆ ದಕ್ಷಿಣದ ಶ್ರೀಮಂತರು ಒಪ್ಪಲಿಲ್ಲ. ಆಟ ಆಡುವುದು ಮರ್ಯಾದೆಗೆ, ಕಾಸಿಗಲ್ಲ ಎಂದರು. 1895ರಲ್ಲಿ ಹಡರ್ಸ್‌ಫೀಲ್ಡಿನ ಒಂದು ಹೋಟೆಲಿನಲ್ಲಿ ಉತ್ತರದ ಕ್ಲಬ್ಬುಗಳು ಸಭೆ ಸೇರಿ ಬೇರೆಯಾದವು. ಮುಂದೆ ಇವರು ತಂಡಕ್ಕೆ ಹದಿಮೂರು ಆಟಗಾರರನ್ನು ಗೊತ್ತುಮಾಡಿಕೊಂಡರು, ಅವರಲ್ಲಿ ಹದಿನೈದೇ ಉಳಿಯಿತು.

"ದಾಯಾದಿಗಳ ಪಾಲುಪಟ್ಟಿ! ಆಮೇಲೆ ಆ ಮರ್ಯಾದಸ್ಥರು?" ವಕೀಲರ ಮುಖ ಅರಳಿತು.

"ಸರಿಯಾಗಿ ನೂರು ವರ್ಷ ತಡೆದುಕೊಂಡರು. 1995ರಲ್ಲಿ ಅವರೂ ಸಂಬಳ ಕೊಡಲು ಶುರುಮಾಡಿದರು."

"ನಮ್ಮ ಕೋರ್ಟಿಗೆ ಹೋಲಿಸಿದರೆ ಬೇಗನೇ ಇತ್ಯರ್ಥವಾಗಿದೆ."

ಶೆಟ್ಟರಿಗೆ ಆಟದ ನಿಯಮ ಹೇಳಲು ಮೇಷ್ಟ್ರು ಕಬಡ್ಡಿಯನ್ನು ಕರೆತಂದರು. ಚೆಂಡು ಹಿಡಿದವನೇ ರೈಡರ್. ಅವನನ್ನು ಹಿಡಿದು ಕೆಡವುವುದೇ ಎದುರಿನವರ ಕೆಲಸ. ಉಸಿರು ಕಟ್ಟಬೇಕೆಂಬ ನಿಯಮವಿಲ್ಲ, ಆದರೆ ಮೂರು ಜನ ಮೈಮೇಲೆ ಬಿದ್ದಾಗ ಅದು ತಾನಾಗಿಯೇ ಕಟ್ಟುತ್ತದೆ. ಗೆರೆ ದಾಟಿ ಚೆಂಡನ್ನು ನೆಲಕ್ಕೆ ಒತ್ತಿದರೆ ಟ್ರೈ. ಆಗ ಅದಕ್ಕೆ ಮೂರು ಅಂಕ, ಈಗ ನಾಲ್ಕು. ಆಮೇಲೆ ಚೆಂಡನ್ನು ಎರಡು ಕಂಬಗಳ ನಡುವೆ, ಅಡ್ಡಪಟ್ಟಿಯ ಮೇಲಿಂದ ಒದ್ದರೆ ಇನ್ನೆರಡು.

"ಈಗ ಈ ಮನುಷ್ಯನನ್ನು ನೋಡಿ. ಡಾನ್ ಫಾಕ್ಸ್," ಎಂದು ಮೇಷ್ಟ್ರು ವಿಡಿಯೊ ನಿಲ್ಲಿಸಿದರು.

ಶಾರ್ಲ್‌ಸ್ಟನ್ ಎಂಬ ಗಣಿಹಳ್ಳಿಯ ಮೂವರು ಅಣ್ಣತಮ್ಮಂದಿರಲ್ಲಿ ನಡುವಿನವನು. ಅಣ್ಣ ಪೀಟರ್ ಮುಂದೆ ಗ್ರೇಟ್ ಬ್ರಿಟನ್ ತಂಡಕ್ಕೆ ಕೋಚ್ ಆದ. ತಮ್ಮ ನೀಲ್ ತನ್ನ ಆಟದ ಬದುಕಿನಲ್ಲಿ ಗಳಿಸಿದ 6,220 ಅಂಕಗಳನ್ನು ಈ ಆಟದಲ್ಲಿ ಇನ್ನೂ ಯಾರೂ ಮೀರಿಲ್ಲ. ಡಾನ್ ಕೂಡ ಸಾಮಾನ್ಯನಲ್ಲ. 1953ರಿಂದ ಹನ್ನೆರಡು ವರ್ಷ ಫೆದರ್‌ಸ್ಟೋನ್ ರೋವರ್ಸ್ ಎಂಬ ಕ್ಲಬ್ಬಿನ ಕಣ್ಮಣಿ. ಆದರೆ ಬಸ್ಸು ಹಿಡಿಯುವ ವಿಷಯದಲ್ಲಿ ಅವನ ಜಾತಕ ಚೆನ್ನಾಗಿರಲಿಲ್ಲ. 1960, 1962, 1963ರಲ್ಲಿ ವೇಕ್‌ಫೀಲ್ಡ್ ಕಪ್ ಗೆದ್ದಾಗ ಇವನು ಫೆದರ್‌ಸ್ಟೋನಿನಲ್ಲಿದ್ದ. 1965ರಲ್ಲಿ ವೇಕ್‌ಫೀಲ್ಡಿಗೆ ಬಂದ. ಎರಡೇ ವರ್ಷಕ್ಕೆ, 1967ರಲ್ಲಿ, ಫೆದರ್‌ಸ್ಟೋನ್ ಕಪ್ ಗೆದ್ದಿತು.

"ನಾನು ರಾಜೀನಾಮೆ ಕೊಟ್ಟ ಮರುವರ್ಷ ಆ ಕಂಪನಿ ಎಲ್ಲರಿಗೂ ಬೋನಸ್ ಕೊಟ್ಟಿತ್ತು," ಎಂದು ನಾನು ನಿಟ್ಟುಸಿರಿಟ್ಟೆ. ನನ್ನ ಕಷ್ಟ ಯಾರಿಗೂ ಬೇಕಿರಲಿಲ್ಲ. ಬಜ್ಜಿ ಬಂದಿತ್ತು.

ವೆಂಬ್ಲಿಯಲ್ಲಿ ಆ ದಿನ 87,100 ಜನ. ಪಾಸ್ ಕೊಟ್ಟ ಚೆಂಡು ಸೋಪಿನಂತೆ ಜಾರಿಹೋಗುತ್ತಿತ್ತು. ಆ ನೀರಿನಲ್ಲಿಯೂ ಡಾನ್ ಎಷ್ಟು ಚೆನ್ನಾಗಿ ಆಡಿದನೆಂದರೆ, ಪಂದ್ಯದ ಶ್ರೇಷ್ಠ ಆಟಗಾರನಿಗೆ ಕೊಡುವ ಲ್ಯಾನ್ಸ್ ಟಾಡ್ ಟ್ರೋಫಿಗೆ ಪತ್ರಕರ್ತರು ಆಟ ಮುಗಿಯುವ ಮುಂಚೆಯೇ ಅವನ ಹೆಸರು ಬರೆದು ಮುಗಿಸಿದ್ದರು.

"ಕೂಸು ಹುಟ್ಟುವ ಮುಂಚೆ ಕುಲಾವಿ," ಎಂದು ಶೆಟ್ಟರು ತಲೆಯಾಡಿಸಿದರು.

ಕೊನೆಯ ಗಳಿಗೆ. ಲೀಡ್ಸ್ 11, ವೇಕ್‌ಫೀಲ್ಡ್ 7. ಡಾನ್ ಆಟವನ್ನು ಮತ್ತೆ ಆರಂಭಿಸಲು ಚೆಂಡು ಒದೆಯುತ್ತಾನೆ. ಲೀಡ್ಸ್‌ನವರು ಜಾರುತ್ತಾರೆ. ಕೆನ್ ಹರ್ಸ್ಟ್ ಚೆಂಡನ್ನು ಕಾಲಿನಲ್ಲೇ ತಳ್ಳಿಕೊಂಡು ಓಡಿ ಕಂಬಗಳ ನಡುವೆಯೇ ಅದರ ಮೇಲೆ ಬೀಳುತ್ತಾನೆ. 11-10. ಇನ್ನು ಡಾನ್ ಒದೆಯಬೇಕಾದ ಎರಡು ಅಂಕ ಮಾತ್ರ ಬಾಕಿ, ಅದೂ ಕಂಬಗಳ ನೇರ ಎದುರಿನಿಂದ. ಒದ್ದರೆ ಕಪ್ ಅವರದೇ.

ಮೇಷ್ಟ್ರು ವಿಡಿಯೊ ಮುಂದುವರಿಸಿದರು. ಚೆಂಡು ಬಲಗಡೆಗೆ ಹೊರಟುಹೋಯಿತು. ಡಾನ್ ಕೆಸರಿನಲ್ಲಿ ಕುಸಿದು ಕುಳಿತ. ಬಿಬಿಸಿಯ ವೀಕ್ಷಕ ವಿವರಣೆಗಾರ ಎಡ್ಡಿ ವೇರಿಂಗ್, ಮೂವತ್ತೆರಡು ವರ್ಷದ ಆ ಗಂಡಸನ್ನು "ಪಾಪ, ಹುಡುಗ" ಎಂದುಬಿಟ್ಟ. ಆಮೇಲೆ ಸೋತವನನ್ನೇ ಕರೆದು ಶ್ರೇಷ್ಠ ಆಟಗಾರನ ಟ್ರೋಫಿ ಎಂದರು.

ಜಗಲಿಯ ಮೇಲೆ ಸ್ವಲ್ಪ ಹೊತ್ತು ಮಳೆಯ ಸದ್ದು ಮಾತ್ರ. ಆಮೇಲೆ ವಿಚಾರಣೆ ಶುರುವಾಯಿತು.

"ತಪ್ಪು ರೆಫರಿಯದು," ಎಂದರು ವಕೀಲರು. ವೇಕ್‌ಫೀಲ್ಡಿನವರು ಲೀಡ್ಸ್‌ನ ಆಟಗಾರನಿಗೆ ಅಡ್ಡ ಬಂದರೆಂದು ರೆಫರಿ ಲೀಡ್ಸ್‌ಗೆ ಕೊಟ್ಟ ಟ್ರೈ ಮೇಲ್ಮನವಿಯಲ್ಲಿ ನಿಲ್ಲುವುದಿಲ್ಲವಂತೆ.

"ತಪ್ಪು ತಮ್ಮನದು," ಎಂದರು ಶೆಟ್ಟರು. "ಮನೆಯಲ್ಲಿ ಒದೆಯುವವನು ಅವನು ತಾನೇ?" ವೇಕ್‌ಫೀಲ್ಡ್ ತಂಡದವನೇ ಆದ ನೀಲ್ ಗಾಯಗೊಂಡು ಹೊರಗುಳಿದಿದ್ದ ಎಂದು ಮೇಷ್ಟ್ರು ಹೇಳಿದರು. "ಮದುವೆಯ ದಿನವೇ ಭಾವನಿಗೆ ಸೊಂಟನೋವು ಬರುವುದನ್ನು ನಾನು ನೋಡಿಲ್ಲವೇ?" ಎಂದು ಶೆಟ್ಟರು ಪಟ್ಟು ಬಿಡಲಿಲ್ಲ.

ಹಿಂದಿನ ಹತ್ತು ಅಂಕಗಳಲ್ಲಿ ನಾಲ್ಕು ಅದೇ ಡಾನ್‌ನ ಕಾಲಿನಿಂದ ಬಂದಿದ್ದವು ಎಂದು ನಾನು ನೆನಪಿಸಿದೆ. ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ. ಪಾಪ, ಈ ಕಪ್ ಹೋದರೂ ವೇಕ್‌ಫೀಲ್ಡ್ ಅದೇ ವರ್ಷ ಇನ್ನೊಂದು ಪಂದ್ಯಾವಳಿಯಾದ ಲೀಗಿನಲ್ಲಿ ಚಾಂಪಿಯನ್ ಆಗಿತ್ತು. ಅದನ್ನು ಇಂಗ್ಲೆಂಡಿನಲ್ಲಿಯೇ ಮರೆತಿರುವಾಗ ಶೆಟ್ಟರನ್ನು ದೂರಿ ಏನು ಪ್ರಯೋಜನ? ಡಾನ್ 2008ರಲ್ಲಿ ತೀರಿಕೊಂಡಾಗಲೂ ಜನ ಮೊದಲು ನೆನೆದದ್ದು ಆ ಒದೆತವನ್ನೇ.

"ಇಷ್ಟು ಹತ್ತಿರದಿಂದ ತಪ್ಪುವುದು ಹೇಗೆ ಸಾಧ್ಯ?" ಎಂದು ಶೆಟ್ಟರು ಪಂಚೆ ಎತ್ತಿಕಟ್ಟಿದರು. ಮೊಮ್ಮಗನ ಚೆಂಡು ಅಂಗಳದಲ್ಲಿ ನೆನೆಯುತ್ತಿತ್ತು. ಎದುರಿಗೆ ಗೇಟು, ಅದರ ಎರಡು ಬದಿಗೆ ಕಲ್ಲಿನ ಕಂಬಗಳು. ವೆಂಬ್ಲಿಗೆ ಇನ್ನೇನು ಬೇಕು? ಬೇಡವೆಂದು ಮೂವರೂ ಹೇಳಿದೆವು. ಅವರು ಚಪ್ಪಲಿ ಬಿಟ್ಟು ಮಳೆಗಿಳಿದು, ನಾಲ್ಕು ಹೆಜ್ಜೆ ಹಿಂದೆ ಸರಿದರು.

ಅಷ್ಟರಲ್ಲಿ ಕರೆಂಟು ಬಂತು. ದೀಪ ಹತ್ತಿತು, ಒಳಗಿನಿಂದ "ಕಾಫಿ" ಎಂದು ಕೂಗಿದರು, ನಾವು ಮೂವರೂ ಬಾಗಿಲಿನ ಕಡೆ ತಿರುಗಿದೆವು. ಹಿಂದಿನಿಂದ ದಪ್ ಎಂಬ ಸದ್ದು, ಆಮೇಲೆ ರಸ್ತೆಯ ಚರಂಡಿಯಲ್ಲಿ ಬುಳುಕ್ ಎಂಬ ಸದ್ದು ಕೇಳಿತು.

"ಹೋಯಿತು! ಗೇಟಿನ ಮೇಲಿಂದಲೇ, ಸರಿಯಾಗಿ ನಡುವಿನಿಂದ! ನೋಡಿದಿರಾ?" ಶೆಟ್ಟರು ಮಳೆಯಲ್ಲಿ ಎರಡೂ ಕೈ ಎತ್ತಿ ನಿಂತಿದ್ದರು.

"ಸಾಕ್ಷಿ?" ಎಂದರು ವಕೀಲರು, ಕಾಫಿಯ ಲೋಟಕ್ಕೆ ಕೈ ಚಾಚುತ್ತ.