ಪುಟ್ಟಿ, ಬಣ್ಣ ಕೂಡಸಬ್ಯಾಡ, ತುಂಡು ಕೂಡಸು

ಪುಟ್ಟಿ, ಮಾಮಾ ಮಾತಾಡ್ತೀನವ್ವಾ, ಇಳಕಲ್ಲಿಂದ. ನಿನ್ನಿ ರಾತ್ರಿ ನೀ ಗ್ರೂಪಿನ್ಯಾಗ ಹಾಕಿದ ಫೋಟೋ ಈಗ ಮುಂಜಾನೆ ನೋಡಿದೆ. ಬನಶಂಕರಿ ಜಾತ್ರ್ಯಾಗ ತಗೊಂಡ ಆ ಬಣ್ಣದ ರೂಬಿಕ್ ಕ್ಯೂಬು, ತಿರುವಿ ತಿರುವಿ ಒಂದೊಂದ ಮುಖಕ್ಕ ಒಂದೊಂದ ಬಣ್ಣ ತರೂ ಆಟಿಗಿ. ಬಿಳಿ ಮುಖ ಪೂರಾ ಆಗೈತಿ, ಉಳಿದದ್ದೆಲ್ಲಾ ಕಲಸಿ ಬಿದ್ದೈತಿ. "ಮಾಮಾ, ಒಂದ ಬಣ್ಣ ಆತು, ಎರಡನೇದಕ್ಕ ಕೈ ಹಚ್ಚಿದ್ರ ಮೊದಲಿಂದೂ ಕೆಡತೈತಿ, ಅಳು ಬರ್ತೈತಿ" ಅಂತ ಬರದಿ. ಅದರ ಕೆಳಗ ನಿಮ್ಮಣ್ಣ ಸ್ಟಿಕ್ಕರ್ ಕಿತ್ತಿ ಹಚ್ಚೂಣು ಅಂದಾನ. ಕಾಕಾ ಸ್ಕ್ರೂಡ್ರೈವರ್ ಹಾಕಿ ಬಿಚ್ಚಿ ಜೋಡಸೂಣು ಅಂದಾರ. ಅಕ್ಕ ಅಂತೂ "ಅದು ಗಣಿತದಾಗ ಭಾಳ ಶಾಣ್ಯಾ ಇದ್ದವರ ಆಟ, ಬಿಟ್ಟಬಿಡು" ಅಂದಾಳ. ಇದನ್ನೆಲ್ಲಾ ಟೈಪ್ ಮಾಡಾಕ ಕುಂತ್ರ ಸಂಜಿ ಆಗ್ತೈತಿ, ಅದಕ್ಕ ವಾಯ್ಸ್ ಹಾಕ್ತೀನಿ. ಕ್ಯೂಬು ಕೈಯಾಗ ಹಿಡಕೊಂಡ ಕೇಳು. ಬೇಕಾದಲ್ಲೆ ನಿಲ್ಲಸು, ಮತ್ತ ಕೇಳು.

ಮೊದಲು ಅಕ್ಕಗ ಒಂದ ಮಾತು. ಅಕ್ಕಾ, ಹುಡುಗಿಗೆ ಬಿಡು ಅನ್ನಬ್ಯಾಡ. ಇದನ್ನ ಮಾಡಿದಾಂವ ಎರ್ನೋ ರೂಬಿಕ್ ಅಂತ, ಹಂಗೇರಿ ದೇಶದ ಬುಡಾಪೆಸ್ಟಿನ್ಯಾಗ ಕಟ್ಟಡದ ವಿನ್ಯಾಸ ಕಲಸೂ ಮಾಸ್ತರ. 1974ರಾಗ ಮಾಡಿದ. ತುಂಡುಗಳು ಒಂದರ ಸುತ್ತ ಒಂದು ತಿರುಗಬೇಕು, ಆದ್ರ ಕಳಚಿ ಬೀಳಬಾರ್ದು, ಅದು ಹೆಂಗ ಸಾಧ್ಯ ಅನ್ನೂದು ಅವನ ತಲ್ಯಾಗಿತ್ತು. ಯಾವ ತುಂಡು ಎಲ್ಲಿಗೆ ಹೋತು ಅಂತ ಕಾಣಲಿ ಅಂತ ಬಣ್ಣ ಹಚ್ಚಿದ. ಹಚ್ಚಿ ನಾಕ ಸಲ ತಿರುವಿದ, ತಿರುಗಿ ಮೊದಲಿನಂಗ ಮಾಡಾಕ ಹೋದ್ರ ಬರಲೇ ಇಲ್ಲ. ತಾನ ಮಾಡಿದ್ದನ್ನ ತಾನ ಬಿಡಸಾಕ ಅವಗ ಸುಮಾರು ಒಂದ ತಿಂಗಳು ಹಿಡೀತು. ನಮ್ಮ ಹುಡುಗಿ ನಾಕ ದಿನದಾಗ ಒಂದ ಮುಖ ಮಾಡ್ಯಾಳ. ಇದು ಕೈಗೆ ಬರೂ ವಿದ್ಯಾ ಅಕ್ಕಾ, ನಮ್ಮ ಮಗ್ಗ ಇದ್ದಂಗ. ಅಪ್ಪ ನನಗ ಮಗ್ಗದ ಲೆಕ್ಕ ಹೇಳಿ ಕಲಸಲಿಲ್ಲ, ಕಾಲು ಯಾವಾಗ ಒತ್ತಬೇಕು, ಲಾಳಿ ಯಾವಾಗ ಬಿಡಬೇಕು, ಅದನ್ನ ಕೈಕಾಲಿಗೇ ಕಲಸಿದ.

ಈಗ ಪುಟ್ಟಿ, ನಿನ್ನ ತ್ರಾಸಿನ ಬೇರು ಎಲ್ಲೈತಿ ಹೇಳ್ತೀನಿ. ನೀ ಬಣ್ಣ ನೋಡಾಕತ್ತಿ. ತುಂಡು ನೋಡು. ಕ್ಯೂಬಿನ ಮ್ಯಾಲ 54 ಬಣ್ಣದ ಚೌಕ ಅದಾವು, ಆದ್ರ ತುಂಡು 26 ಅಷ್ಟ. ಆರು ನಡುವಿನವು, ಒಂದೊಂದಕ್ಕ ಒಂದ ಬಣ್ಣ. ಹನ್ನೆರಡು ಅಂಚಿನವು, ಎರಡೆರಡು ಬಣ್ಣ. ಎಂಟು ಮೂಲಿ ತುಂಡು, ಮೂರ ಮೂರು ಬಣ್ಣ. ನಡುವಿನ ಆರೂ ತಮ್ಮ ಜಾಗಾ ಬಿಟ್ಟು ಕದಲೂದಿಲ್ಲ. ನೀ ಎಷ್ಟ ತಿರುವಿದ್ರೂ ಬಿಳಿ ನಡುವಿನ ಎದುರಿಗೆ ಹಳದಿ ನಡು, ನೀಲಿ ಎದುರಿಗೆ ಹಸಿರು, ಕೆಂಪಿನ ಎದುರಿಗೆ ಕೇಸರಿ. ನಿನ್ನ ಫೋಟೋದಾಗೂ ಹಂಗ ಐತಿ. ಅಂದ್ರ ಒಂದ ಮುಖ ಯಾವ ಬಣ್ಣದ್ದು ಅನ್ನೂದು ಅದರ ನಡುವಿನ ತುಂಡೇ ಹೇಳ್ತೈತಿ.

ನಿನ್ನ ಬಿಳಿ ಮುಖ ತಿರುಗಿಸಿ ಅದರ ಮಗ್ಗಲಾ ನೋಡು. ಬಿಳಿ ಜೋಡಿ ಕೆಂಪು ಇರೂ ಅಂಚು ಹಸಿರು ನಡುವಿನ ಮ್ಯಾಲ ಕುಂತೈತಿ, ಹೌದಲ್ಲ? ಮ್ಯಾಲಿಂದ ಬಿಳಿ ಕಾಣ್ತೈತಿ ಖರೆ, ಆದ್ರ ಆ ತುಂಡು ತನ್ನ ಮನ್ಯಾಗಿಲ್ಲ. ನಮ್ಮ ಸೀರ್ಯಾಗ ಒಡಲಿನ ಹಾಸು, ಅಂದ್ರ ಉದ್ದನ್ನ ಎಳಿ, ಬ್ಯಾರೆ, ಸೆರಗಿನ ಹಾಸು ಬ್ಯಾರೆ ಇರ್ತೈತಿ. ಎರಡನ್ನೂ ಎಳಿಗೆ ಎಳಿ ಕೊಂಡಿ ಹಾಕಿ ಕೂಡಸ್ತೀವಿ, ನೀ ಸೂಟಿಯಾಗ ಬಂದಾಗ ನೋಡಿಯಲ್ಲ. ಒಂದ ಎಳಿ ಪಕ್ಕದ ಎಳಿಗೆ ಬಿತ್ತಂದ್ರ ಅಲ್ಲಿಂದ ಮುಂದ ಎಲ್ಲಾ ಒಂದೊಂದ ಸರೀತಾವು. ಇದೂ ಹಂಗ. ಬಿಳಿ-ಕೆಂಪಿನ ಅಂಚು ಬಿಳಿ ನಡುವಿಗೂ ಕೂಡಬೇಕು, ಕೆಂಪು ನಡುವಿಗೂ ಕೂಡಬೇಕು. ಅದಕ್ಕ ಈ ಮುಖ ಕೆಡಸಿಬಿಡು. ಹೊಟ್ಟಿ ಉರಿಸ್ಕೋಬ್ಯಾಡ, ಎರಡನೇ ಸಲ ಬ್ಯಾಗ ಆಗ್ತೈತಿ.

ಹೊಸದಾಗಿ ಹಿಂಗ ಹಿಡಿ. ಹಳದಿ ನಡು ಮ್ಯಾಲ ಬರಲಿ. ಅದರ ನಾಕೂ ಕಡಿ ಬಿಳಿ ಅಂಚಿನ ತುಂಡು ತಂದು ಕುಂದ್ರಸು, ಹಳದಿ ಹೊಟ್ಟಿ, ಬಿಳಿ ಎಸಳಿನ ಶಾವಂತಿಗಿ ಹೂವಿನಂಗ. ಇಲ್ಲಿ ಸೂತ್ರ ಏನೂ ಇಲ್ಲ, ಕಣ್ಣಿಗೆ ಕಂಡಂಗ ತಿರುವಿ ತರು. ಹೂವು ಆದಮ್ಯಾಲ ಒಂದ ಎಸಳು ಹಿಡಿ, ಅದರ ಮಗ್ಗಲಾ ಯಾವ ಬಣ್ಣ ಐತಿ ನೋಡು. ಕೆಂಪ ಐತೇನು? ಮ್ಯಾಲಿನ ಸಾಲು ತಿರುವಿ ಅದನ್ನ ಕೆಂಪು ನಡುವಿನ ನೆತ್ತಿಗೆ ತರು. ಆಮ್ಯಾಲ ಆ ಕೆಂಪು ಮುಖಾನ ಎರಡ ಸಲ ತಿರುವು. ಎಸಳು ಕೆಳಗಿನ ಬಿಳಿ ನಡುವಿಗೆ ಹೋಗಿ ಕುಂದರ್ತೈತಿ. ಹಿಂಗ ನಾಕೂ ಇಳಸಿದ್ರ ಕೆಳಗ ಬಿಳಿ ಅಧಿಕ ಗುರುತು, ಕೂಡಸೂ ಲೆಕ್ಕದ + ಇದ್ದಂಗ, ಬರ್ತೈತಿ, ನಾಕೂ ಕಾಲು ತಮ್ಮ ತಮ್ಮ ಬಣ್ಣಕ್ಕ ಕೂಡಿರ್ತಾವು. ಬಿಳಿ ಇನ್ನ ಮ್ಯಾಲ ತರಬ್ಯಾಡ, ಕೆಳಗ ಇರಲಿ, ತಳಪಾಯದಂಗ.

ಈಗ ಮೂಲಿ. ಇದಕ್ಕ ನಾಕ ಮಾತಿನ ಒಂದ ಪಾಠ ಐತಿ, ಇದೊಂದ ಬಾಯಿಪಾಠ ಮಾಡು ಪುಟ್ಟಿ, ಅರ್ಧ ಕ್ಯೂಬು ಇದರಾಗೇ ಐತಿ. ಬಲ ಏರಸು, ನೆತ್ತಿ ಎಡಕ್ಕ, ಬಲ ಇಳಸು, ನೆತ್ತಿ ಬಲಕ್ಕ. ಬಲ ಏರಸು ಅಂದ್ರ ಬಲಗಡಿ ಕಂಬ ನಿನ್ನ ಎದುರಿನಿಂದ ಮ್ಯಾಲಕ್ಕ. ನೆತ್ತಿ ಎಡಕ್ಕ ಅಂದ್ರ ಮ್ಯಾಲಿನ ಸಾಲು ನಿನ್ನ ಎದುರಿನಿಂದ ಎಡಗಡಿಗೆ. ಪ್ರತಿಯೊಂದೂ ಕಾಲ ಸುತ್ತು ಅಷ್ಟ. ಮತ್ತ ಅನ್ನು: ಬಲ ಏರಸು, ನೆತ್ತಿ ಎಡಕ್ಕ, ಬಲ ಇಳಸು, ನೆತ್ತಿ ಬಲಕ್ಕ.

ಇದನ್ನ ನಂಬಾಕ ಒಂದ ಪರೀಕ್ಷಾ ಮಾಡು. ಈಗ ಕ್ಯೂಬು ಹೆಂಗೇ ಇರಲಿ, ಎಲ್ಲಾ ಕಡಿಂದ ಫೋಟೋ ತಕ್ಕೊ. ಕ್ಯೂಬಿನ ಹಿಡತ ಬದಲಸದಂಗ ಈ ನಾಕ ಮಾತು ಆರ ಸಲ ಮಾಡು. ಮೊದಲ ಸಲಕ್ಕ ಕೆಡತೈತಿ, ಮೂರಕ್ಕ ಪೂರಾ ಹಾಳಾತು ಅನಸ್ತೈತಿ. ಆರಕ್ಕ ಫೋಟೋ ಜೋಡಿ ಹೋಲಸು. ಇದ್ದಂಗ ಇರ್ತೈತಿ, ಒಂದ ತುಂಡೂ ಹೆಚ್ಚುಕಮ್ಮಿ ಇಲ್ಲ. ನಾ ಮೊದಲ ಸಲ ಮಾಡಿದಾಗ ಮೈ ಜುಂ ಅಂದಿತ್ತು. ಒಂದ ಮುಖ ಕೆಡತೈತಿ ಅಂತ ನೀ ಅಂಜತಿಯಲ್ಲ, ಆ ಅಂಜಿಕಿ ಇಲ್ಲೇ ಬಿಡತೈತಿ. ಕೆಟ್ಟದ್ದು ತಿರುಗಿ ಬರೂ ದಾರಿ ನಿನ್ನ ಕೈಯಾಗ ಐತಿ.

ಮೂಲಿಗೆ ಇದನ್ನ ಹೆಂಗ ಬಳಸಬೇಕಂದ್ರ, ಮ್ಯಾಲಿನ ಸಾಲಿನ್ಯಾಗ ಬಿಳಿ ಇರೂ ಮೂಲಿ ತುಂಡು ಹುಡುಕು. ಬಿಳಿ, ಕೆಂಪು, ನೀಲಿ ಇದ್ರ ಅದರ ಮನಿ ಕೆಂಪು ನಡುವಿನ ಮತ್ತ ನೀಲಿ ನಡುವಿನ ಸಂದಿಯಾಗ, ಕೆಳಗ. ಆ ಸಂದಿ ನಿನ್ನ ಎದುರಿನ ಬಲಗಡಿಗೆ ಬರೂವಂಗ ಕ್ಯೂಬು ಹಿಡಿ, ತುಂಡನ್ನ ಅದರ ನೆಟ್ಟಗ ಮ್ಯಾಲ ತಂದು ನಿಲ್ಲಸು, ನಾಕ ಮಾತು ಶುರು ಮಾಡು. ಒಂದಕ್ಕ, ಇಲ್ಲಾ ಮೂರಕ್ಕ, ಇಲ್ಲಾ ಐದಕ್ಕ ಅದು ಬಿಳಿ ಕೆಳಗ ಮಾಡಿ ತನ್ನ ಮನ್ಯಾಗ ಕುಂದರ್ತೈತಿ. ಬಿಳಿ ಮೂಲಿ ಕೆಳಗೇ ತಪ್ಪಿ ಕುಂತಿದ್ರ, ಅದನ್ನ ಎದುರಿನ ಬಲಗಡಿಗೆ ತಂದು ನಾಕ ಮಾತು ಒಮ್ಮೆ ಮಾಡು, ಮ್ಯಾಲ ಬರ್ತೈತಿ. ನಾಕೂ ಮೂಲಿ ಆದ್ರ ಒಂದ ಅಂತಸ್ತು ಪೂರಾ.

ಎರಡನೇ ಅಂತಸ್ತಿನ್ಯಾಗ ನಾಕ ಅಂಚು ಅಷ್ಟ ಕೂಡಸೂದು. ಮ್ಯಾಲಿನ ಸಾಲಿನ್ಯಾಗ ಹಳದಿ ಇಲ್ಲದ ಅಂಚು ಹುಡುಕಿ, ಅದರ ಎದುರಿನ ಬಣ್ಣ ಅದೇ ಬಣ್ಣದ ನಡುವಿಗೆ ಕೂಡಸು. ಅದರ ನೆತ್ತಿ ಬಣ್ಣ ಬಲಗಡಿ ಮುಖದ್ದಾದ್ರ ಹಿಂಗ: ನೆತ್ತಿ ಎಡಕ್ಕ, ಬಲ ಏರಸು, ನೆತ್ತಿ ಬಲಕ್ಕ, ಬಲ ಇಳಸು. ಇಲ್ಲಿ ಪೂರಾ ಕ್ಯೂಬು ತಿರುಗಿಸಿ ಬಲಗಡಿ ಮುಖಾನ ಎದುರಿಗೆ ತಕ್ಕೊ. ಆಮ್ಯಾಲ ನೆತ್ತಿ ಬಲಕ್ಕ, ಎಡ ಏರಸು, ನೆತ್ತಿ ಎಡಕ್ಕ, ಎಡ ಇಳಸು. ಎಡಗಡಿಗೆ ಹೋಗಬೇಕಾದ್ರ ಇದನ್ನೇ ಕನ್ನಡಿಯಾಗ ನೋಡಿದಂಗ ಮಾಡು, ಎಡ ಇದ್ದಲ್ಲೆ ಬಲ, ಬಲ ಇದ್ದಲ್ಲೆ ಎಡ. ಈ ಹಂತದಾಗ ಕೈ ಭಾಳ ತಪ್ಪತೈತಿ, ಅವಸರ ಮಾಡಬ್ಯಾಡ. ನನಗ ಇದಕ್ಕ ಎಂಟ ದಿನ ಹಿಡೀತು.

ಮ್ಯಾಲಿನ ಹಳದಿ ಸುದ್ದಿ ಹಾಳ್ಯಾಗ ಬರದು ಫೋಟೋ ಹಾಕ್ತೀನಿ, ಬಾಯಿಲೆ ಹೇಳಿದ್ರ ಕಲಸಿಬೀಳ್ತೈತಿ. ಒಂದ ಅಷ್ಟ ಈಗ ಹೇಳ್ತೀನಿ: ಹಳದಿ ಅಧಿಕ ಗುರುತಿಗೂ ಅದೇ ನಾಕ ಮಾತು. ಮೊದಲ ಎದುರಿನ ಮುಖ ಗಡಿಯಾರದ ಮುಳ್ಳಿನಂಗ ಒಮ್ಮೆ, ನಡಕ ನಾಕ ಮಾತು, ಕಡೀಕ ಎದುರಿನ ಮುಖ ತಿರುಗಿ ಹಿಂದಕ್ಕ.

ಕಾಕಾ, ಈಗ ನಿಮಗ ಹೇಳ್ತೀನ್ರಿ. ಬಿಚ್ಚಬ್ಯಾಡ್ರಿ, ಕೈ ಮುಗೀತೀನಿ. ಬಿಚ್ಚಿ ಮನಸಿಗೆ ಬಂದಂಗ ಜೋಡಸಿದ್ರ ಹನ್ನೆರಡರಾಗ ಒಂದ ಸಲ ಅಷ್ಟ ಅದು ತಿರುವಿ ಬಿಡಸಾಕ ಬರೂವಂಗ ಕೂಡತೈತ್ರಿ. ಉಳಿದ ಹನ್ನೊಂದ ಸಲ ಎಂಥಾ ಪಂಡಿತ ಬಂದ್ರೂ ಆಗೂದಿಲ್ಲ. ಸ್ಟಿಕ್ಕರ್ ಕಿತ್ತಿ ಹಚ್ಚಿದ್ರೂ ಅದೇ ಫಜೀತಿ, ಇಲ್ಲದ ತುಂಡು ಹುಟ್ಟತಾವು, ಒಂದ ಅಂಚಿನ ಮ್ಯಾಲ ಎರಡೂ ಕಡಿ ಬಿಳಿ ಬಂದ್ರ ಅದನ್ನ ಎಲ್ಲಿ ಇಡೂದ್ರಿ? ಈ ತ್ರಾಸು ನಾ ಉಂಡೀನಿ. ಎರಡ ವರ್ಷದ ಹಿಂದ ಸಂತ್ಯಾಗ ಒಂದ ಕ್ಯೂಬು ತಂದೆ. ಕಡೀ ಹಂತಕ್ಕ ಬಂದೆ, ಎಲ್ಲಾ ಕೂಡಿತು, ಒಂದ ಮೂಲಿ ಮಾತ್ರ ತನ್ನ ಜಾಗಾದಾಗೇ ತಿರುಚಿ ನಿಂತಿತ್ತು. ಕೆಡಸಿ ಮತ್ತ ಮಾಡಿದೆ, ಮತ್ತ ಅದೇ. ಹತ್ತ ದಿನ ರಾತ್ರಿ ಮಗ್ಗ ಇಳದು ಅದನ್ನೇ ಹಿಡಕೊಂಡ ಕುಂತೆ, ನಿದ್ದಿ ಹತ್ತಲಿಲ್ಲ. ನನ್ನ ಕೈಯೇ ತಪ್ಪು ಅಂತ ತಿಳ್ಕೊಂಡಿದ್ದೆ. ಕಡೀಕ ಗೊತ್ತಾತು, ಎಂಟೂ ಮೂಲಿಯ ತಿರುಚು ಕೂಡಿಸಿದ್ರ ಯಾವಾಗ್ಲೂ ಪೂರಾ ಸುತ್ತಿನ ಲೆಕ್ಕಕ್ಕ ಬರ್ತೈತಿ, ಒಂದ ಮೂಲಿ ಒಂಟಿಯಾಗಿ ತಿರುಚಿ ನಿಲ್ಲಾಕ ದಾರಿನ ಇಲ್ಲ ಅಂತ. ಅಂದ್ರ ಯಾರೋ ಅದನ್ನ ಕೈಲೆ ತಿರುಚಿದ್ರು, ಇಲ್ಲಾ ಜೋಡಸೂ ಮುಂದ ತಪ್ಪಿತ್ತು. ಆ ಮೂಲಿ ಹೊರಳಿಸಿ ಕುಂದ್ರಸಿದೆ, ಕ್ಷಣದಾಗ ಆತು. ಹತ್ತ ದಿನ ನನ್ನನ್ನ ನಾನ ಬೈಕೊಂಡಿದ್ದು ಇವತ್ತಿಗೂ ಮನಸಿಗೆ ಹತ್ತತೈತ್ರಿ. ಪುಟ್ಟಿಗೆ ಅದು ಆಗಬಾರ್ದು. ಪುಟ್ಟಿ, ಕಡೀಕ ಒಂದ ಮೂಲಿ ಅಷ್ಟ ತಿರುಚಿ ಉಳದ್ರ, ಇಲ್ಲಾ ಒಂದ ಅಂಚು ಅಷ್ಟ ಉಲ್ಟಾ ಉಳದ್ರ, ಅಳಬ್ಯಾಡ, ತಪ್ಪು ನಿಂದಲ್ಲ, ನನಗ ಫೋನ್ ಹಚ್ಚು.

ನಿಮ್ಮಣ್ಣಗೂ ಕೇಳಸು ಇದನ್ನ. ತಮ್ಮಾ, ಈ ಕ್ಯೂಬು ಎಷ್ಟ ನಮೂನಿ ಕೂಡಬಹುದು ಗೊತ್ತೇನು? 43 ಬರದು ಮುಂದ 18 ಸೊನ್ನಿ ಹಾಕು, ಅದಕ್ಕೂ ಸ್ವಲ್ಪ ಜಾಸ್ತಿ. ಸುಮ್ಮ ತಿರುವಕೋತ ಕುಂತ್ರ ಜನ್ಮ ಕಳದ್ರೂ ಆಗೂದಿಲ್ಲ. ಆದ್ರ ಅಷ್ಟರಾಗ ಯಾವುದೇ ಇರಲಿ, 20 ತಿರುವಿನೊಳಗ ಬಿಡಸಾಕ ಬರ್ತೈತಿ ಅಂತ 2010ರಾಗ ಕಂಪ್ಯೂಟರ್ ಹಚ್ಚಿ ತೋರ್ಸ್ಯಾರ. ನಮ್ಮ ದಾರಿ ನೂರು ತಿರುವು ದಾಟತೈತಿ, ಇರವಲ್ದ್ಯಾಕ. ಅವಳ ಜೋಡಿ ನೀನೂ ಕುಂದ್ರು, ಒಬ್ಬರು ಹೇಳ್ರಿ, ಒಬ್ಬರು ತಿರುವ್ರಿ.

ಹಾಂ, ಬಿಗಿ ಐತಿ ಅಂತ ಕೊಬ್ರಿ ಎಣ್ಣಿ ಹಾಕಬ್ಯಾಡ್ರಿ, ಧೂಳು ಹತ್ತಿ ಜಿಗಟಾಗ್ತೈತಿ. ಹಂಗ ಆಡ್ರಿ, ತಾನ ಸಡಿಲಾಗ್ತೈತಿ.

ಪುಟ್ಟಿ, ಇವತ್ತ ಹೂವು, ಬಿಳಿ ಅಧಿಕ ಗುರುತು ಅಷ್ಟ ಮಾಡು. ಆದ ಕೂಡಲೇ ಬಿಳಿ ಕೆಳಗ ಇಟ್ಟು, ನಾಕೂ ಮಗ್ಗಲಿಂದ ಫೋಟೋ ಹಾಕು, ಅಂಚು ನಡುವಿಗೆ ಕೂಡ್ಯಾವೋ ಇಲ್ಲೋ ನೋಡ್ತೀನಿ. ಈಗ ಮಗ್ಗಕ್ಕ ಕುಂದ್ರಾಕ ಹೊಂಟೆ, ಸೆರಗು ಅರ್ಧಕ್ಕ ನಿಂತೈತಿ. ಮಧ್ಯಾಹ್ನ ಊಟಕ್ಕ ಎದ್ದಾಗ ಫೋನ್ ನೋಡ್ತೀನವ್ವಾ.