ಜಪಾನೀ ಗೋಥಿಕ್ ಅಕ್ಷರಗಳು ಸಣ್ಣ ಗಾತ್ರದಲ್ಲಿ ಮುದ್ದೆಯಾಗುವುದೇಕೆ?

ಪ್ರಶ್ನೆ
ಜಪಾನೀ ಕಲಿಯುವವರಿಗಾಗಿ ನಾನು ಅಭ್ಯಾಸದ ಹಾಳೆಗಳನ್ನು ಸಿದ್ಧಪಡಿಸುತ್ತೇನೆ. ಗೋಥಿಕ್ ಎಂಬ, ಗೆರೆಯ ತುದಿಯಲ್ಲಿ ಅಲಂಕಾರವಿಲ್ಲದ ಅಕ್ಷರಶೈಲಿಯನ್ನು 8 ಪಾಯಿಂಟ್ ಗಾತ್ರದಲ್ಲಿ ಮುದ್ರಿಸಿದಾಗ ಗೆರೆ ಹೆಚ್ಚಿರುವ ಕಾಂಜಿಗಳು, ಅಂದರೆ ಚೀನೀ ಮೂಲದ ಅಕ್ಷರಗಳು, ಕಪ್ಪು ಮುದ್ದೆಯಂತೆ ಕಾಣುತ್ತವೆ. ತಲೆಯ ಮೇಲೆ ಎರಡು ಗೀಟಿರುವ ‘ಬ’ ಯಾವುದು, ಪುಟ್ಟ ಸೊನ್ನೆಯಿರುವ ‘ಪ’ ಯಾವುದು ಎಂಬುದಂತೂ ವಯಸ್ಸಾದ ವಿದ್ಯಾರ್ಥಿಗಳಿಗೆ ತಿಳಿಯುವುದೇ ಇಲ್ಲ. ದಪ್ಪಕ್ಷರ ಬಳಸಿ ನೋಡಿದೆ, ಇನ್ನಷ್ಟು ಕೆಟ್ಟಿತು. ಯಾವ ಫಾಂಟ್ ಬಳಸಿದರೆ ಸರಿಹೋದೀತು?

ಉತ್ತರ
ದಪ್ಪ ಮಾಡಿದರೆ ಕೆಡಲೇಬೇಕು. ಒಂದೇ ಗೆರೆಯ ‘ಇಚಿ’ ಆಗಲಿ, 29 ಗೆರೆಗಳ ‘ಉತ್ಸು’ ಆಗಲಿ, ಜಪಾನೀ ಬರಹದಲ್ಲಿ ಎಲ್ಲ ಅಕ್ಷರಗಳಿಗೂ ಒಂದೇ ಅಳತೆಯ ಚೌಕ ಸಿಗುವುದರಿಂದ, ಗೆರೆಯ ದಪ್ಪಕ್ಕಿಂತ ಗೆರೆಗಳ ನಡುವೆ ಉಳಿಯುವ ಬಿಳುಪೇ ಓದಿಗೆ ಮುಖ್ಯವಾಗುತ್ತದೆ. ಅಲ್ಲಿನ ವಿನ್ಯಾಸಕಾರರು ಈ ಒಳಜಾಗವನ್ನು ‘ಫುತೊಕೊರೊ’ ಎನ್ನುತ್ತಾರೆ. ಕಿಮೊನೊದ ಎದೆಮಡಿಕೆಯ ಒಳಭಾಗಕ್ಕೂ ಇದೇ ಹೆಸರು, ಹೆಚ್ಚುಕಡಿಮೆ ನಮ್ಮ ಮಡಿಲಿನಂತೆ. ಗೋಥಿಕ್ ಎಂದರೆ ಎಲ್ಲೆಡೆ ಸಮ ದಪ್ಪದ ಗೆರೆ ಎಂಬುದು ಮೇಲುನೋಟದ ಮಾತು. ಒಳ್ಳೆಯ ಗೋಥಿಕ್ ಒಂದನ್ನು ಭೂತಗನ್ನಡಿಯಲ್ಲಿ ನೋಡಿ: ಅಡ್ಡಗೆರೆಗಳು ಲಂಬಗೆರೆಗಳಿಗಿಂತ ತುಸು ತೆಳ್ಳಗಿರುತ್ತವೆ, ಗೆರೆಗಳು ಹೆಚ್ಚಿದಂತೆ ಇನ್ನೂ ತೆಳ್ಳಗಾಗುತ್ತವೆ.

ನೀವು ಹುಡುಕಬೇಕಾದದ್ದು ‘ಯು.ಡಿ.’ (ಯೂನಿವರ್ಸಲ್ ಡಿಸೈನ್) ಎಂಬ ವರ್ಗದ ಫಾಂಟ್‌ಗಳನ್ನು, ಅಂದರೆ ಕಣ್ಣು ಮಂದವಾದವರೂ ಓದುವಂತೆ ರೂಪಿಸಿದವುಗಳನ್ನು. ಜಪಾನಿನ ಫಾಂಟ್ ಸಂಸ್ಥೆ ಇವಾತಾ 2006ರಲ್ಲಿ ಇಂಥದ್ದೊಂದನ್ನು ಹೊರತಂದಿತು. ಇನ್ನೊಂದು ಫಾಂಟ್ ಸಂಸ್ಥೆ ಮೊರಿಸಾವಾದ ಬಿಜ್ ಯು.ಡಿ. ಗೋಥಿಕ್ ಈಗ ಗೂಗಲ್ ಫಾಂಟ್ಸ್‌ನಲ್ಲಿ ಉಚಿತವಾಗಿಯೇ ಇದೆ. ಇವುಗಳಲ್ಲಿ ‘ಪ’ಕಾರದ ಸೊನ್ನೆಯನ್ನು ಬೇಕೆಂದೇ ಹಿಗ್ಗಿಸಿ, ಅಕ್ಷರದಿಂದ ದೂರ ಸರಿಸಿರುತ್ತಾರೆ. ನಮ್ಮ ‘ದ’, ‘ಧ’ಗಳ ನಡುವಿನ ಸೀಳು ಸಣ್ಣ ಅಚ್ಚಿನಲ್ಲಿ ಮಾಯವಾಗುವುದನ್ನು ಕಂಡವರಿಗೆ ಇದರ ಬೆಲೆ ಗೊತ್ತು.

ಇನ್ನೊಂದು ಉತ್ತರ
ಮೇಲಿನ ಸಲಹೆ ಸರಿ, ಆದರೆ ಓದುಗರು ಹೊಸಬರೆಂಬುದನ್ನು ಮರೆಯಬಾರದು. ಅನೇಕ ಗೋಥಿಕ್‌ಗಳಲ್ಲಿ ‘ಸ’, ‘ಕಿ’ ಕಾನಗಳ (ಉಚ್ಚಾರಣೆಯನ್ನು ಬರೆಯುವ ಅಕ್ಷರಗಳ) ಕೆಳಗಿನ ಬಾಗು ಮೇಲಿನ ಗೆರೆಗೆ ಕೂಡಿಕೊಂಡಿರುತ್ತದೆ. ಶಾಲೆಯಲ್ಲಿ ಕೈಯಿಂದ ಬರೆಯಲು ಕಲಿಸುವಾಗ ಅಲ್ಲಿ ಬಿಡುವಿರುತ್ತದೆ. ಅಚ್ಚಿನಲ್ಲಿ ಕಂಡದ್ದನ್ನೇ ಕಲಿಯುವವರು ನಕಲು ಮಾಡುತ್ತಾರೆ. ಆದ್ದರಿಂದ ಬರೆದು ಕಲಿಯುವ ಭಾಗಕ್ಕೆ, 2017ರಿಂದ ವಿಂಡೋಸ್ 10ರಲ್ಲಿ ದೊರೆಯುವ ಯು.ಡಿ. ಡಿಜಿಟಲ್ ಕ್ಯೋಕಾಶೊ ಎಂಬ ಪಠ್ಯಪುಸ್ತಕ ಶೈಲಿಯ ಫಾಂಟ್ ಬಳಸಿ. ಅದು ಕೈಬರಹದ ರೂಪವನ್ನು ಉಳಿಸಿಕೊಂಡೂ ಗೆರೆಗಳ ದಪ್ಪದಲ್ಲಿ ಹೆಚ್ಚು ಏರಿಳಿತ ತೋರುವುದಿಲ್ಲ. ಪರದೆಗೆಂದೇ ರೂಪಿಸಿದ, ವಿಂಡೋಸ್ ವಿಸ್ಟಾದೊಂದಿಗೆ ಬಂದ ಮೇರಿಯೊ ಫಾಂಟನ್ನು ಕಾಗದಕ್ಕೆ ನಾನು ಆರಿಸುವುದಿಲ್ಲ.

ಪ್ರಶ್ನೆ ಕೇಳಿದವರಿಂದ
ಇಬ್ಬರಿಗೂ ಧನ್ಯವಾದಗಳು. ಎರಡನ್ನೂ ಮುದ್ರಿಸಿ ನೋಡಿದೆ. ಬಿಜ್ ಯು.ಡಿ.ಯಲ್ಲಿ ಸೊನ್ನೆಯ ಒಳಗೆ ಬಿಳುಪು ಉಳಿದಿದೆ. ಆದರೆ ಕಾಂಜಿಯ ಮೇಲೆ ಉಚ್ಚಾರಣೆ ತೋರಿಸುವ ಫುರಿಗಾನ ಅರ್ಧ ಗಾತ್ರದ್ದು, ಅಂದರೆ 4 ಪಾಯಿಂಟ್. ಅಲ್ಲಿ ಅದು ಮತ್ತೆ ಮುಚ್ಚಿಕೊಂಡಿತು. ಕೊನೆಗೆ ಮೂಲ ಅಕ್ಷರವನ್ನೇ 11ಕ್ಕೆ ಏರಿಸಿದ್ದೇನೆ, ಒಂದು ಹಾಳೆಯ ಪಾಠ ಎರಡು ಹಾಳೆಯಾಗಿದೆ.